ದೊಡ್ಡಮ್ಮ ಎರಡು ಸಲ ಬರೆದ ಕಥೆ

ಹುಣಸೆ ಬೀಜ ಬೇಯುವ ವಾಸನೆ ಬಲ್ಲವರು ಈಗ ಎಷ್ಟು ಜನ ಉಳಿದಿದ್ದಾರೋ. ಬೀಜ ಹುರಿದು, ಸಿಪ್ಪೆ ಬಿಡಿಸಿ, ನೆನೆಹಾಕಿ, ರುಬ್ಬಿ, ನೀರಿನಲ್ಲಿ ಕುದಿಸಿದರೆ ಅಂಟಿನಂಥ ಗಂಜಿಯಾಗುತ್ತದೆ; ಅದಕ್ಕೆ ಸರಿ ಎನ್ನುತ್ತಾರೆ. ಕಂಬಳಿ ನೇಯುವವರು ಅದನ್ನು ಉಣ್ಣೆಯ ನೂಲಿಗೆ ಬಳಿಯುತ್ತಾರೆ, ನೂಲು ಬಿಗಿಯಾಗಲೆಂದು. ಒಂದಿಷ್ಟು ಹುಳಿ, ಒಂದಿಷ್ಟು ಸೀದ ವಾಸನೆ. ಮೊನ್ನೆ ಬಳ್ಳಾರಿಯ ಒಂದು ಓಣಿಯಲ್ಲಿ ನಡೆದು ಹೋಗುತ್ತಿದ್ದಾಗ ಯಾರದೋ ಹಿತ್ತಲಿನಿಂದ ಆ ವಾಸನೆ ಬಂತು. ಕಾಲು ಅಲ್ಲೇ ನಿಂತುಬಿಟ್ಟಿತು. ಬಿಸಿಲು ನೆತ್ತಿಗೆ ಹೊಡೆಯುತ್ತಿತ್ತು. ಜೊತೆಗಿದ್ದ ಸೊಸೆ, ‘ಯಾಕತ್ತಿ, ತಲಿ ತಿರುಗಿತೇನು?’ ಎಂದು ತೋಳು ಹಿಡಿದಳು. ತಲೆ ತಿರುಗಿರಲಿಲ್ಲ. ರಾಯದುರ್ಗದ ಕೋಟೆ ಗುಡ್ಡದ ಕೆಳಗಿನ ಮಣ್ಣಿನ ಮಾಳಿಗೆಯ ಮನೆಯೊಂದರಲ್ಲಿ, ನಮ್ಮ ದೊಡ್ಡಮ್ಮ ನೆಲದ ಮೇಲೆ ಕಾಗದಗಳನ್ನು ಹರಡಿಕೊಂಡು, ತೋರುಬೆರಳಿನ ತುದಿಯಲ್ಲಿ ಅದೇ ಸರಿಯನ್ನು ತೆಗೆದು ಒಂದಕ್ಕೊಂದು ಅಂಟಿಸುತ್ತ ಕೂತಿದ್ದಳು. ನಾನು ಅವಳ ಎದುರಿಗೆ ಕಡಲೆಕಾಯಿ ಸುಲಿಯುತ್ತ ಕೂತಿದ್ದೆ.

ದೊಡ್ಡಮ್ಮ ಎಂದರೆ ನನ್ನ ತಾಯಿಯ ಅಕ್ಕ, ಪುಟ್ಟತಾಯಮ್ಮ. ಇಬ್ಬರೂ ಮಡಕಶಿರದವರು. ತಾತ ಅಲ್ಲಿ ಜಗುಲಿಯ ಮೇಲೆ ಮರಳು ಹಾಸಿ ಮಕ್ಕಳಿಗೆ ಅಕ್ಷರ ತೀಡಿಸುತ್ತಿದ್ದ ಐಗಳು. ಗಂಡುಮಕ್ಕಳು ತೀಡಿ ಎದ್ದುಹೋದ ಮೇಲೆ ಉಳಿದ ಮರಳಿನಲ್ಲಿ ದೊಡ್ಡಮ್ಮ ತಾನಾಗಿ ಓದು ಬರಹ ಕಲಿತಳಂತೆ. ರಾಯದುರ್ಗದ ರೈಲು ಸ್ಟೇಷನ್ನಿನಲ್ಲಿ ಗೂಡ್ಸ್ ಗುಮಾಸ್ತರಾಗಿದ್ದ ದೊಡ್ಡಪ್ಪನನ್ನು ಮದುವೆಯಾಗಿ ಆ ಊರಿಗೆ ಹೋದಳು. ಅವರಿಗೆ ಮಕ್ಕಳಾಗಲಿಲ್ಲ. ನಮ್ಮಮ್ಮ ನನ್ನ ಬೆನ್ನಿಗೆ ಅವಳಿ ಮಕ್ಕಳನ್ನು ಹೆತ್ತು ಕೈಸೋತಿದ್ದಾಗ, ‘ಇವಳೊಬ್ಬಳನ್ನ ನಂಗೆ ಕೊಡು, ಓದಿಸ್ತೀನಿ’ ಎಂದು ದೊಡ್ಡಮ್ಮನೇ ಬಂದು ನನ್ನನ್ನು ಕರೆದುಕೊಂಡು ಹೋದಳು. ಯುದ್ಧದ ಕಾಲ. ಇದ್ದಿಲಿನಿಂದ ಓಡುವ ಬಸ್ಸಿನಲ್ಲಿ ಕೆಮ್ಮುತ್ತ ಹಿಂದೂಪುರಕ್ಕೆ, ಅಲ್ಲಿಂದ ರೈಲಿನಲ್ಲಿ ಗುಂತಕಲ್ಲಿಗೆ, ಬಳ್ಳಾರಿಗೆ, ಮತ್ತೆ ರೈಲು ಬದಲಿಸಿ ರಾಯದುರ್ಗಕ್ಕೆ. ಆಗ ರಾಯದುರ್ಗ ಬಳ್ಳಾರಿ ಜಿಲ್ಲೆ, ಮಡಕಶಿರ ಅನಂತಪುರ ಜಿಲ್ಲೆ. ಎರಡಕ್ಕೂ ದೊರೆ ಮದರಾಸಿನಲ್ಲಿ. ನಾನಂತೂ ಸೀಮೆ ದಾಟಿ ಬೇರೆ ಲೋಕಕ್ಕೆ ಬಂದೆನೆಂದೇ ತಿಳಿದಿದ್ದೆ. ನಮ್ಮಲ್ಲಿ ರಾಗಿ ಮುದ್ದೆ, ಅಲ್ಲಿ ಜೋಳದ ರೊಟ್ಟಿ. ನಮ್ಮಲ್ಲಿ ‘ಬತ್ತೀನಿ ಕಣಮ್ಮಿ’, ಅಲ್ಲಿ ‘ಬರ್ತೀನ್ರೀ’. ಎರಡೂ ಕಡೆ ಒಂದೇ ಆಗಿದ್ದದ್ದು ಸಂತೆಯ ತೆಲುಗು ಮಾತ್ರ.

ದೊಡ್ಡಪ್ಪ ರೊಟ್ಟಿಯವರು, ದೊಡ್ಡಮ್ಮ ಮುದ್ದೆಯವಳು. ಅಡುಗೆಮನೆಯಲ್ಲಿ ದಿನವೂ ಎರಡೂ ಆಗುತ್ತಿದ್ದವು. ನನಗೆ ಎರಡೂ ಸಿಗುತ್ತಿದ್ದವು. ಮಾತೂ ಹಾಗೆಯೇ. ಓಣಿಯ ಹೆಂಗಸರಿಗೆ ‘ಪುಟ್ಟತಾಯಮ್ಮ’ ಎಂಬ ಹೆಸರು ನಾಲಿಗೆಗೆ ಹೊಂದದೆ ಬರೀ ತಾಯಮ್ಮ ಎನ್ನುತ್ತಿದ್ದರು. ಆಕೆ ‘ಐತೆ’ ಎಂದರೆ ಅವರು ನಗುತ್ತಿದ್ದರು, ಅವರು ‘ಐತಿ’ ಎಂದರೆ ಆಕೆ ನಗುತ್ತಿದ್ದಳು. ಯಾರಾದರೂ ಹೊಸ ಮಾತೊಂದನ್ನು ಆಡಿದರೆ ದೊಡ್ಡಮ್ಮ ಒಲೆಯ ಮುಂದೆ ಕೂತು ಅದನ್ನು ಒಳ್ಳೆಯ ಉಪ್ಪಿನಕಾಯಿಯ ಹಾಗೆ ಬಾಯಲ್ಲಿಟ್ಟು ಚಪ್ಪರಿಸುವುದನ್ನು ನಾನು ಎಷ್ಟೋ ಸಲ ಕಂಡಿದ್ದೇನೆ. ಹೌದು, ನಮ್ಮ ದೊಡ್ಡಮ್ಮ ಕಥೆ ಬರೆಯುತ್ತಿದ್ದಳು. ಆ ಊರಿನಲ್ಲಿ ಹಾಗೆಂದರೇನು ಎಂಬುದೇ ಬಹಳ ಜನರಿಗೆ ತಿಳಿದಿರಲಿಲ್ಲ. ‘ಪುರಾಣೇನ್ರೀ?’ ಎಂದು ಕೇಳುತ್ತಿದ್ದರು. ‘ಅಲ್ಲ, ನಮ್ಮದೇ’ ಎನ್ನುತ್ತಿದ್ದಳು.

ಅವಳು ಬರೆಯುತ್ತಿದ್ದದ್ದು ಮಧ್ಯಾಹ್ನ. ಮಾಳಿಗೆಯ ಬೆಳಕಿಂಡಿಯಿಂದ ಪಡಸಾಲೆಯ ನೆಲದ ಮೇಲೆ ಬಿಸಿಲಿನ ಒಂದು ಚೌಕ ಬೀಳುತ್ತಿತ್ತು. ಅದು ಸರಿದಂತೆ ದೊಡ್ಡಮ್ಮನೂ ಮಣೆಯ ಸಮೇತ ಸರಿಯುತ್ತಿದ್ದಳು. ಯುದ್ಧದಲ್ಲಿ ಕಾಗದಕ್ಕೆ ಬಹಳ ಅಭಾವ. ಸ್ಟೇಷನ್ನಿನಲ್ಲಿ ಎಸೆಯುವ ಹಳೆಯ ರಸೀತಿಗಳನ್ನು ದೊಡ್ಡಪ್ಪ ತಂದುಕೊಡುತ್ತಿದ್ದರು. ಅವುಗಳ ಬೆನ್ನಿನ ಮೇಲೆ ತುಣುಕು ತುಣುಕಾಗಿ ಬರೆದು, ಪಕ್ಕದ ಕಂಬಳಿಯವರ ಮನೆಯಿಂದ ತಂದ ಸರಿಯಲ್ಲಿ ಒಂದರ ಕೆಳಗೊಂದು ಅಂಟಿಸಿದರೆ ಕಥೆ ಸೀರೆಯ ಹಾಗೆ ಉದ್ದವಾಗುತ್ತಿತ್ತು. ಒಂದು ಭಾಗ ಬೇಡವೆನಿಸಿದರೆ ಕತ್ತರಿಸಿ ತೆಗೆದು ಮತ್ತೆ ಅಂಟಿಸುವಳು. ಬರೆದದ್ದನ್ನು ನನಗೆ ಓದಿ ಹೇಳುವಳು. ಚೆನ್ನಾಗಿದೆಯೇ ಎಂದು ಮಾತ್ರ ಯಾವತ್ತೂ ಕೇಳಿದವಳಲ್ಲ. ನನ್ನ ಕೈ ನೋಡುತ್ತಿದ್ದಳು. ಕಡಲೆಕಾಯಿ ಸುಲಿಯುವುದು ನಿಂತರೆ ಆ ಮಾತು ಉಳಿಯಿತು; ಕೈ ಓಡುತ್ತಲೇ ಇದ್ದರೆ ಕತ್ತರಿ ತೆಗೆದುಕೊಳ್ಳುತ್ತಿದ್ದಳು. ಇದು ನನಗೆ ಗೊತ್ತಾದದ್ದು ಬಹಳ ವರ್ಷಗಳ ಮೇಲೆ.

ಅವಳ ಮೊದಲ ಕಥೆ ಬೆಂಗಳೂರಿನ ಒಂದು ಮಾಸಪತ್ರಿಕೆಯಲ್ಲಿ ಬಂತು. ಸಂಪಾದಕರು ಅದರಲ್ಲಿದ್ದ ಮಾತುಗಳನ್ನೆಲ್ಲ ತಿದ್ದಿದ್ದರು. ‘ನೀರಿಗ್ ಬತ್ತೀಯೇನೆ?’ ಎಂದು ಇವಳು ಬರೆದದ್ದು ‘ನೀರು ತರಲು ಬರುವೆಯಾ ಸಖಿ?’ ಎಂದಾಗಿತ್ತು. ದೊಡ್ಡಮ್ಮ ಮೊದಲು ಕಣ್ಣಲ್ಲಿ ನೀರು ಬರುವಷ್ಟು ನಕ್ಕಳು. ಆಮೇಲೆ ಸಿಟ್ಟು ಬಂದು ಒಂದು ಕಾರ್ಡು ಬರೆದಳು: ‘ನಮ್ಮೂರಿನಲ್ಲಿ ಹೀಗೆ ಕರೆದರೆ ಬಾವಿಗೆ ಯಾರೂ ಬರುವುದಿಲ್ಲ.’ ದೊಡ್ಡಪ್ಪ ಕಾರ್ಡು ಓದಿ ಕನ್ನಡಕ ತೆಗೆದರು. ‘ಅಲ್ಲಾ, ದೊಡ್ಡ ಮನುಷ್ಯಾರಿಗೆ ಹಿಂಗ ಬರೀತಾರೇನು?’ ಎಂದರು. ‘ನೀವು ಡಬ್ಬಿಗೆ ಹಾಕಿ, ಸಾಕು’ ಎಂದಳು. ಹಾಕಿದರು. ಮುಂದಿನ ಕಥೆಯಿಂದ ಸಂಪಾದಕರು ಮಾತಿನ ಮೇಲೆ ಕೈಯಾಡಿಸಲಿಲ್ಲ. ಅಂಥವರೂ ಇದ್ದರು.

ಈಗ ಹನುಮಕ್ಕನ ವಿಷಯ ಹೇಳಬೇಕು. ಪಕ್ಕದ ಮನೆಯ ಕಂಬಳಿ ನೇಯುವ ಬೀರಪ್ಪನ ತಂಗಿ ಅವಳು. ಕಪ್ಪಗೆ, ಎತ್ತರಕ್ಕೆ, ನಡೆದರೆ ನೆಲ ಸದ್ದು ಮಾಡುವಂಥ ಹೆಂಗಸು. ಡಿ. ಹಿರೇಹಾಳ್ ಕಡೆಯ ಒಂದು ಹಳ್ಳಿಗೆ ಕೊಟ್ಟಿದ್ದರು. ಗಂಡ ಹೊಡೆಯುವವನಲ್ಲ, ಬೈಯುವವನಲ್ಲ. ಮಕ್ಕಳಾಗಲಿಲ್ಲವೆಂದು ಮಾತು ಬಿಟ್ಟಿದ್ದ. ವರ್ಷಗಟ್ಟಲೆ ಅವಳೊಂದಿಗೆ ಒಂದು ಮಾತಿಲ್ಲ. ಒಂದು ಬೆಳಗ್ಗೆ ಹನುಮಕ್ಕ ತವರಿನಲ್ಲಿ ಬಳುವಳಿಯಾಗಿ ಕೊಟ್ಟಿದ್ದ ಎರಡು ಕುರಿಗಳನ್ನು ಹಟ್ಟಿಯಿಂದ ಬಿಡಿಸಿ, ಹೊಡೆದುಕೊಂಡು ರಾಯದುರ್ಗದ ದಾರಿ ಹಿಡಿದಳು. ದಾರಿಯಲ್ಲಿ ಕೇಳಿದವರಿಗೆ ‘ಸಂತೆಗೆ’ ಎಂದಳಂತೆ. ಆಮೇಲೆ ಅವಳು ಅಣ್ಣನ ಮನೆಯಲ್ಲೇ ಉಣ್ಣೆ ನೂಲುತ್ತ ಉಳಿದಳು. ಇದು ಓಣಿಗೆಲ್ಲ ಗೊತ್ತಿದ್ದ ಸಂಗತಿ. ಯಾರೂ ಅದನ್ನು ಎತ್ತುತ್ತಿರಲಿಲ್ಲ.

ದೊಡ್ಡಮ್ಮ ಅದನ್ನು ಕಥೆ ಮಾಡಿದಳು. ಹೆಸರು ಬದಲಿಸಿದಳು, ಊರು ಬದಲಿಸಿದಳು. ಅವಳ ಕಥೆಯ ಹೆಣ್ಣು ಊರ ಗಡಿಯ ಕಲ್ಲಿನವರೆಗೆ ಬಂದು, ಹಿಂದಿರುಗಿ ನೋಡಿ, ಕಲ್ಲಿಗೆ ತಲೆಯಿಟ್ಟು ಅಳುತ್ತಾಳೆ. ಅಷ್ಟರಲ್ಲಿ ಗಂಡ ಓಡಿ ಬಂದು, ಇಷ್ಟು ವರ್ಷದಲ್ಲಿ ಮೊದಲ ಬಾರಿಗೆ ಅವಳ ಹೆಸರು ಹಿಡಿದು ಕರೆಯುತ್ತಾನೆ. ಅವಳು ಕುರಿಗಳನ್ನು ತಿರುಗಿಸಿಕೊಂಡು ಅವನ ಹಿಂದೆ ಮನೆಗೆ ಹೋಗುತ್ತಾಳೆ. ಕಥೆ ಅಚ್ಚಾದದ್ದೇ ತಡ, ಎಲ್ಲೆಲ್ಲಿಂದಲೋ ಕಾರ್ಡುಗಳು ಬಂದವು. ಓದಿ ಅತ್ತೆವೆಂದು ಬರೆದಿದ್ದರು. ಸಂಪಾದಕರು ‘ಇಂಥದ್ದೇ ಇನ್ನೊಂದು ಕಳಿಸಿರಿ’ ಎಂದಿದ್ದರು. ದೊಡ್ಡಪ್ಪನ ಹಿಗ್ಗಂತೂ ಹೇಳತೀರದು. ಪತ್ರಿಕೆಯನ್ನು ಸ್ಟೇಷನ್ನಿಗೆ ಒಯ್ದು, ರೈಲಿಗೆ ಕಾಯುತ್ತಿದ್ದವರಿಗೆಲ್ಲ ಪ್ಲಾಟ್‌ಫಾರ್ಮಿನ ಬೇವಿನ ಮರದ ಕೆಳಗೆ ನಿಂತು ಓದಿ ಹೇಳಿದರು. ಅಲ್ಲಿ ಕಂಬಳಿಯ ಮೂಟೆ ಬುಕ್ ಮಾಡಲು ಬಂದಿದ್ದ ಬೀರಪ್ಪನೂ ನಿಂತು ಕೇಳಿದ.

ಆ ಸಂಜೆ ಬೀರಪ್ಪ ನಮ್ಮ ಬಾಗಿಲಿಗೆ ಬಂದ. ಒಳಗೆ ಬರ್ರಿ ಎಂದರೂ ಬರಲಿಲ್ಲ.

‘ಏನ್ರೀ ಸ್ವಾಮಿ, ನಮ್ಮ ಮನಿ ಹೆಣ್ಮಗಳ ಸುದ್ದೀನ ರೈಲಿಗೆ ಹಾಕಿ ಕಳಿಸೀರಲ್ಲ’ ಎಂದ ದೊಡ್ಡಪ್ಪನಿಗೆ.

ದೊಡ್ಡಪ್ಪ ತಬ್ಬಿಬ್ಬಾದರು. ದೊಡ್ಡಮ್ಮ ಸೆರಗು ಸರಿಪಡಿಸಿಕೊಂಡು ಮುಂದೆ ಬಂದಳು. ‘ಹೆಸರು ಹಾಕಿಲ್ಲ ಕಣಪ್ಪ. ಊರೂ ಬೇರೆ’ ಎಂದಳು.

‘ಎರಡು ಕುರಿ ಹೊಡಕೊಂಡು ಬಂದಾಕಿ ಈ ಸೀಮ್ಯಾಗ ಎಷ್ಟು ಮಂದಿ ಅದಾರ ಅಮ್ಮಾ? ಮೊಳಕಾಲ್ಮೂರು ಕಡಿಂದ ಒಬ್ಬಾತ ಉಡಿಕಿ ಮದಿವಿಗೆ ಕೇಳಾಕ ಹತ್ಯಾನ. ಹೆಂಡ್ತಿ ಸತ್ತಾತ, ಒಳ್ಳೆ ಮನುಷ್ಯ. ಅವನ ಕಿವಿಗೆ ಇದು ಬಿದ್ರ? ಗಂಡ ಕರದ್ರ ಹಿಂದಕ ಹೋಗಾಕಿ ಅಂತ ತಿಳೀತಾನ. ಆಕಿ ಬಾಳ್ವೆ ಎರಡನೇ ಸಲ ಮುರೀತು ನೋಡ್ರಿ.’

ಅವನು ಗದರಲಿಲ್ಲ. ಹೇಳಬೇಕಾದ್ದನ್ನು ಹೇಳಿ, ಹೆಗಲ ಮೇಲಿನ ಕಂಬಳಿ ಸರಿಮಾಡಿಕೊಂಡು ಹೊರಟುಹೋದ. ದೊಡ್ಡಮ್ಮ ಬಾಗಿಲ ಚೌಕಟ್ಟು ಹಿಡಿದು ಬಹಳ ಹೊತ್ತು ನಿಂತಿದ್ದಳು. ಮರುದಿನ ಸಾರಿಗೆ ಉಪ್ಪು ಹಾಕಲಿಲ್ಲ. ದೊಡ್ಡಪ್ಪ ಹಾಗೆಯೇ ಉಂಡರು. ಬಿಸಿಲಿನ ಚೌಕ ಪಡಸಾಲೆಯನ್ನು ದಾಟಿ ಗೋಡೆ ಹತ್ತಿತು. ಅದರ ಜೊತೆಗೆ ಯಾರೂ ಸರಿಯಲಿಲ್ಲ.

ಹನುಮಕ್ಕ ತಾನೇ ಬಂದಳು. ಕೈಯಲ್ಲಿ ನೂಲುವ ಕದಿರು, ಬಗಲಲ್ಲಿ ಉಣ್ಣೆಯ ಬುಟ್ಟಿ. ನಾನು ಹೆದರಿ ದೊಡ್ಡಮ್ಮನ ಹಿಂದೆ ಸರಿದೆ. ಅವಳು ಗೋಡೆಗೊರಗಿ ಕಾಲು ಚಾಚಿ ಕೂತು, ‘ಅಮ್ಮಾರ, ಓದ್ರಿ. ನಾನೂ ಕೇಳ್ತೀನಿ. ಎಲ್ಲಾರೂ ಕೇಳ್ಯಾರ, ನಾನೊಬ್ಬಾಕೀನ ಕೇಳಿಲ್ಲ’ ಎಂದಳು.

ದೊಡ್ಡಮ್ಮ ಓದಿದಳು. ಹನುಮಕ್ಕ ನೂಲುತ್ತಲೇ ಇದ್ದಳು. ಅತ್ತೆ ಗಂಜಿಯ ಗಡಿಗೆ ಬಚ್ಚಿಡುವ ಮಾತು ಬಂದಾಗ ‘ಥೇಟ್ ಹಂಗ!’ ಎಂದು ನಕ್ಕಳು. ಗಂಡ ಗೋಡೆಯ ಕಡೆ ಮುಖ ಮಾಡಿ ಉಣ್ಣುವ ಮಾತು ಬಂದಾಗ ನಗಲಿಲ್ಲ. ಗಡಿಯ ಕಲ್ಲು ಬಂತು, ಅಳು ಬಂತು, ಗಂಡ ಓಡಿ ಬಂದ, ಕಥೆ ಮುಗಿಯಿತು. ಹನುಮಕ್ಕನ ಕೈಯ ಕದಿರು ನಿಂತಿತ್ತು.

‘ನಾನು ಅತ್ತಿಲ್ರಿ’ ಎಂದಳು. ‘ನೀವು ಯಾಕ ನನ್ನ ಅಳಿಸಿದ್ರಿ?’

ದೊಡ್ಡಮ್ಮ ಪತ್ರಿಕೆಯನ್ನು ಮಡಚಿದಳು. ಸುಳ್ಳು ಹೇಳುವುದು ಅವಳಿಗೆ ಬರುತ್ತಿರಲಿಲ್ಲ. ‘ಅಳದೆ ಹೋದ್ರೆ ಓದೋರು ಒಪ್ಪಲ್ಲ ಅಂದ್ಕೊಂಡೆ ಕಣೆ ಹನುಮಕ್ಕ. ಗಟ್ಟಿ ಹೆಣ್ಣು, ಹೋದ್ರೆ ಹೋಗ್ಲಿ ಅಂತ ಕೈ ಬಿಡ್ತಾರೆ ಅಂದ್ಕೊಂಡೆ.’

‘ಓದೋರು ನನ್ನ ಕೂಡ ನಡಕೊಂಡು ಬಂದಿದ್ರೇನು?’

ದೊಡ್ಡಮ್ಮ ಮಡಚಿದ ಪತ್ರಿಕೆಯನ್ನು ಬದಿಗಿಟ್ಟಳು. ‘ಮತ್ತೆ ಹಿಂದಿರುಗಿ ನೋಡಲೇ ಇಲ್ವ?’ ಎಂದು ಮೆಲ್ಲಗೆ ಕೇಳಿದಳು.

‘ಹಿಂದ ನೋಡಾಕ ಪುರುಸೊತ್ತೆಲ್ಲಿತ್ರಿ? ಆ ಎರಡೂ ಕಂಡೋರ ಹೊಲಕ್ಕ ಬಾಯಿ ಹಾಕ್ತಿದ್ವು. ಒಂದನ್ನ ಎಳದ್ರ ಇನ್ನೊಂದು ನುಗ್ಗೂದು. ಅವನ್ನ ಬೈಯೋದ್ರಾಗ ಗಡಿ ದಾಟಿದ್ದ ಗೊತ್ತಾಗ್ಲಿಲ್ಲ. ಬೈಕೋತ ಬೈಕೋತ ರಾಗಾನೂ ಬಂತು. ಹಾಡಿಕೋತ ಬಂದೆ.’

ಇಷ್ಟು ಹೇಳಿ ಅವಳು ಜೋರಾಗಿ ನಕ್ಕಳು. ದೊಡ್ಡಮ್ಮನಿಗೂ ನಗು ತಡೆಯಲಾಗಲಿಲ್ಲ. ನಾನೂ ನಕ್ಕೆ. ನಗುತ್ತ ನಗುತ್ತ ದೊಡ್ಡಮ್ಮ ಕಣ್ಣೊರೆಸಿಕೊಂಡದ್ದು ನಗುವಿನಿಂದಲೋ ಬೇರೆಯದರಿಂದಲೋ ನನಗೆ ತಿಳಿಯಲಿಲ್ಲ. ‘ಇನ್ನೊಂದು ಸಲ ಬರೀತೀನಿ. ಕೂತ್ಕೊಂಡು ಹೇಳ್ತೀಯ?’ ಎಂದಳು. ‘ಹೇಳಾಕೇನು, ಕೈಗೆ ಕೆಲಸ ಐತಿ, ಬಾಯಿ ಖಾಲಿ ಐತಿ’ ಎಂದಳು ಹನುಮಕ್ಕ.

ನನ್ನ ಬಾಲ್ಯದಲ್ಲಿ ಸುಖ ಎಂದರೆ ಯಾವುದು ಎಂದು ಯಾರಾದರೂ ಕೇಳಿದರೆ ಆ ಮಧ್ಯಾಹ್ನಗಳನ್ನು ತೋರಿಸುತ್ತೇನೆ. ಹೊರಗೆ ಗುಡ್ಡದ ಬಂಡೆಗಳು ಕಾದು ಓಣಿಯಲ್ಲಿ ನಾಯಿಯೂ ಓಡಾಡದ ಹೊತ್ತು. ಒಳಗೆ ಸಗಣಿ ಸಾರಿಸಿದ ನೆಲದ ತಂಪು, ಕುರಿಯ ಉಣ್ಣೆಯ ಜಿಡ್ಡು ವಾಸನೆ, ಹುರಿದ ಕಡಲೆಕಾಯಿ, ಮಡಕೆಯ ನೀರು. ಹನುಮಕ್ಕ ಹೇಳುವಳು, ದೊಡ್ಡಮ್ಮ ಬರೆಯುವಳು. ‘ಅಲ್ಲಲ್ಲ, ಹಂಗಲ್ರಿ’ ಎಂದು ಹನುಮಕ್ಕ; ‘ಅದನ್ನ ಇನ್ನೊಂದು ಸಲ ಅನ್ನು, ಅದೇ ಮಾತಲ್ಲಿ’ ಎಂದು ದೊಡ್ಡಮ್ಮ. ಇಬ್ಬರೂ ಜಗಳವಾಡಿದ್ದೂ ಉಂಟು. ಗಂಡನನ್ನು ಕೆಟ್ಟವನೆಂದು ಬರೆಯಲು ಹನುಮಕ್ಕ ಬಿಡಲಿಲ್ಲ. ‘ಅವನೇನ್ ಕೆಟ್ಟಾತಲ್ಲ. ಅವನಿಗೆ ಮಾತು ಸಿಗ್ಲಿಲ್ಲ, ನನಗೆ ಅವನು ಸಿಗ್ಲಿಲ್ಲ, ಅಷ್ಟ’ ಎಂದಳು. ಅದನ್ನು ಕೇಳಿ ನನ್ನ ಕೈ ನಿಂತಿರಬೇಕು. ದೊಡ್ಡಮ್ಮ ಹಾಗೆಯೇ ಬರೆದುಕೊಂಡಳು. ಸ್ಟೇಷನ್ನಿನಿಂದ ಬಂದ ದೊಡ್ಡಪ್ಪ ನಮ್ಮನ್ನು ದಾಟಿಕೊಂಡು ಹೋಗಿ ತಾವೇ ಕಾಫಿ ಕಾಸಿಕೊಂಡು, ನಮಗೂ ಒಂದೊಂದು ಲೋಟ ತಂದಿಡುತ್ತಿದ್ದರು. ಆ ಕಾಲದಲ್ಲಿ ಗಂಡಸರು ಒಲೆಯ ಮುಂದೆ ಕೂರುವುದೆಂದರೇನು ಎಂದು ನಿಮಗೆ ಗೊತ್ತೇ ಇದೆ.

ಹೊಸ ಕಥೆಯನ್ನು ಸಂಪಾದಕರು ಒಪ್ಪಲಿಲ್ಲ. ಹಳೆಯ ಕಥೆ ಓದಿ ಅತ್ತವರು ಇದನ್ನು ಓದಿ ಬೇಸರಪಡುತ್ತಾರೆ ಎಂದು ವಿನಯವಾಗಿಯೇ ಹಿಂದಕ್ಕೆ ಕಳಿಸಿದರು. ದೊಡ್ಡಮ್ಮ ಆ ಕಾಗದದ ಸುರುಳಿಯನ್ನು ಗೋಡೆಯ ಮಾಡದಲ್ಲಿಟ್ಟು, ‘ಇರ್ಲಿ, ಇದನ್ನ ಮೊದ್ಲು ಕೇಳ್ಬೇಕಾದೋರು ಬೇರೆ’ ಎಂದಳು.

ಮೊಳಕಾಲ್ಮೂರು ಕಡೆಯ ಮೈಲಾರಪ್ಪ ಹೆಣ್ಣು ಕೇಳಲು ಬಂದಾಗ ಹನುಮಕ್ಕ ಅಣ್ಣನಿಗೆ ಒಂದೇ ಮಾತು ಹೇಳಿದಳಂತೆ: ಆತ ಮೊದಲು ತಾಯಮ್ಮನವರ ಮನೆಗೆ ಬಂದು ಕಥೆ ಕೇಳಲಿ, ಆಮೇಲೆ ಮಿಕ್ಕ ಮಾತು. ಬೀರಪ್ಪ ತಲೆ ಚಚ್ಚಿಕೊಂಡ. ಆದರೂ ಕರೆದುಕೊಂಡು ಬಂದ. ಮೈಲಾರಪ್ಪ ನರೆತ ಮೀಸೆಯ, ಮಾತು ಕಡಿಮೆಯ ಮನುಷ್ಯ. ಪಡಸಾಲೆಯ ಕಂಬಕ್ಕೆ ಒರಗಿ ತಲೆ ತಗ್ಗಿಸಿ ಕೂತ. ಹನುಮಕ್ಕ ಅಡುಗೆಮನೆಯ ಬಾಗಿಲ ಹಿಂದೆ ನನ್ನ ಭುಜ ಹಿಡಿದು ನಿಂತಿದ್ದಳು. ಅಂಥ ಗಟ್ಟಿ ಹೆಂಗಸಿನ ಬೆರಳುಗಳು ನನ್ನ ಭುಜದ ಮೇಲೆ ಬೆವರುತ್ತಿದ್ದವು. ದೊಡ್ಡಮ್ಮ ಮೊದಲಿನಿಂದ ಕೊನೆಯವರೆಗೆ ಓದಿದಳು. ಗಂಜಿಯ ಗಡಿಗೆ, ಗೋಡೆಯ ಕಡೆ ತಿರುಗಿದ ಮುಖ, ಕಂಡವರ ಹೊಲಕ್ಕೆ ನುಗ್ಗುವ ಕುರಿಗಳು, ಬೈಗುಳದ ಹಾಡು, ಯಾವುದನ್ನೂ ಬಿಡಲಿಲ್ಲ. ಕಥೆ ಮುಗಿದರೂ ಮೈಲಾರಪ್ಪ ತಲೆ ಎತ್ತಲಿಲ್ಲ. ಬೀರಪ್ಪ ಕೆಮ್ಮಿದ. ದೊಡ್ಡಪ್ಪ ಸುಮ್ಮನೆ ಕನ್ನಡಕ ಒರೆಸಿದರು.

ಕೊನೆಗೆ ಮೈಲಾರಪ್ಪ ಕೇಳಿದ: ‘ಆ ಕುರಿ ಈಗ ಎಲ್ಲಿ ಅದಾವ?’

ಯಾರೂ ಬಾಯಿಬಿಡುವ ಮುಂಚೆ ಬಾಗಿಲ ಹಿಂದಿನಿಂದ ಹನುಮಕ್ಕನೇ ಹೇಳಿದಳು: ‘ಗುಡ್ಡದ ಮಗ್ಗಲಕ ಮೇಯಾಕ ಹೋಗ್ಯಾವ. ಮರಿ ಹಾಕ್ಯಾವ.’

‘ಹಂಗಾರ ಅವೂ ಬರ್ತಾವಲ್ಲ?’

‘ಅವನ್ನ ಬಿಟ್ಟು ನಾನೆಲ್ಲಿಗೂ ಬರಾಕಿ ಅಲ್ಲ’ ಎಂದಳು ಹನುಮಕ್ಕ.

‘ಬರ್ಲಿ. ನಮ್ಮ ಹೊಲಕ್ಕ ಬಾಯಿ ಹಾಕ್ಲಿ’ ಎಂದ ಮೈಲಾರಪ್ಪ. ದೊಡ್ಡಮ್ಮ ಎದ್ದು ಒಳಗೆ ಬಂದು ಸಕ್ಕರೆಯ ಡಬ್ಬಿ ಹುಡುಕತೊಡಗಿದಳು. ಅದು ಅವಳ ಕಣ್ಣ ಮುಂದೆಯೇ ಇತ್ತು.

ಹನುಮಕ್ಕ ಹೋದ ಮೇಲೆ ಓಣಿಯಲ್ಲಿ ಒಂದು ಬಗೆಯ ಸದ್ದೇ ಕಡಿಮೆಯಾಯಿತು. ಆದರೆ ಹಬ್ಬಕ್ಕೆ ತವರಿಗೆ ಬಂದಾಗಲೆಲ್ಲ ಅಣ್ಣನ ಮನೆಗಿಂತ ಮೊದಲು ನಮ್ಮ ಬಾಗಿಲಲ್ಲಿ ನಿಂತು, ‘ಈಗ ಯಾರನ್ನ ಬರ್ಯಾಕ ಹತ್ತೀರಿ?’ ಎಂದು ಕೂಗುವಳು. ದೊಡ್ಡಮ್ಮ ಬಹಳ ಜನರನ್ನು ಬರೆದಳು. ನೀರಿನ ಬಾವಿಯವರು, ರೈಲಿನ ಹೆಂಗಸರ ಡಬ್ಬಿಯವರು, ಮಡಕಶಿರದ ಸಂತೆಯಲ್ಲಿ ಬೆಲ್ಲ ಮಾರುವವರು. ಯಾರನ್ನು ಬರೆದರೂ ಅಚ್ಚಿಗೆ ಕಳಿಸುವ ಮುಂಚೆ ಅವರನ್ನು ಕರೆದು ಕೂರಿಸಿ ಓದಿ ಹೇಳುವಳು. ಕೆಲವರು ಬೇಡವೆಂದರು, ಅವು ಮಾಡದಲ್ಲೇ ಉಳಿದವು. ಬಳ್ಳಾರಿಯ ಒಂದು ಪ್ರೆಸ್ಸಿನವರು ಮಿಕ್ಕವನ್ನು ಸೇರಿಸಿ ಪುಸ್ತಕ ಮಾಡಿದರು. ತೆಳ್ಳನೆಯ ಪುಸ್ತಕ, ಯುದ್ಧ ಮುಗಿದ ಮೇಲಿನ ಒರಟು ಕಾಗದ. ಮೊದಲ ಕಥೆ ಹನುಮಕ್ಕನದು, ಎರಡನೇ ಸಲ ಬರೆದದ್ದು. ಅದನ್ನು ಓದಿ ಯಾರೂ ಅತ್ತೆವೆಂದು ಕಾರ್ಡು ಬರೆಯಲಿಲ್ಲ. ದೊಡ್ಡಮ್ಮನಿಗೆ ಅದರಿಂದ ಬೇಸರವೇನೂ ಆದಂತೆ ಕಾಣಲಿಲ್ಲ.

ಆಮೇಲೆ ಎಲ್ಲರ ಮನೆಗಳಲ್ಲಿ ಆಗುವಂಥದ್ದೇ ನಮ್ಮಲ್ಲೂ ಆಯಿತು. ನನಗೆ ಬಳ್ಳಾರಿಗೆ ಮದುವೆಯಾಯಿತು. ದೊಡ್ಡಪ್ಪನಿಗೆ ವರ್ಗವಾಗಿ ಆ ಮನೆ ಬಿಟ್ಟರು. ಮದರಾಸಿನ ಆಳ್ವಿಕೆ ಮುಗಿದು, ಜಿಲ್ಲೆಗಳು ಹಂಚಿಹೋಗಿ, ನಾನಿರುವ ಊರೂ ನಾನು ಬೆಳೆದ ಊರೂ ಬೇರೆ ಬೇರೆ ರಾಜ್ಯಗಳಿಗೆ ಸೇರಿದವು. ರಾಯದುರ್ಗದ ಆ ಮಾಳಿಗೆ ಒಂದು ಮಳೆಗಾಲದಲ್ಲಿ ಕುಸಿಯಿತೆಂದೂ, ಅಲ್ಲಿ ಈಗ ಹೊಲಿಗೆ ಯಂತ್ರಗಳ ಶೆಡ್ಡು ಎದ್ದಿದೆಯೆಂದೂ ಯಾರೋ ಹೇಳಿದರು. ನಾನು ಹೋಗಿ ನೋಡಲಿಲ್ಲ. ನಿಮಗೂ ಹಾಗೆ ಹೋಗಿ ನೋಡದ ಒಂದು ಜಾಗ ಇದ್ದೇ ಇರುತ್ತದೆ.

ದೊಡ್ಡಪ್ಪ ತೀರಿಕೊಂಡ ಮೇಲೆ ದೊಡ್ಡಮ್ಮ ಮಡಕಶಿರಕ್ಕೆ, ನಮ್ಮಮ್ಮನ ಹತ್ತಿರ ಬಂದಳು. ಅಕ್ಕ ತಂಗಿ ಇಬ್ಬರೂ ಜಗುಲಿಯಲ್ಲಿ ಕೂತು, ಯಾವ ಕಾಲದ್ದೋ ಮಾತಾಡಿಕೊಂಡು ನಗುತ್ತಿದ್ದರು. ಮುಪ್ಪಿನಲ್ಲಿ ದೊಡ್ಡಮ್ಮನಿಗೆ ಮರೆವು ಬಂತು. ಅದು ಅವಳನ್ನು ನೋಯಿಸಲಿಲ್ಲ, ಹಗುರ ಮಾಡಿತು. ಕೊನೆಯ ಬಾರಿ ನಾನು ಹೋದಾಗ ನನ್ನನ್ನು ಗುರುತಿಸಿದಳೋ ಇಲ್ಲವೋ, ಪ್ರೀತಿಯಿಂದ ಕೈ ಹಿಡಿದು ಪಕ್ಕದಲ್ಲಿ ಕೂರಿಸಿಕೊಂಡಳು. ಒಯ್ದಿದ್ದ ಆ ತೆಳ್ಳನೆಯ ಪುಸ್ತಕವನ್ನು ತೆಗೆದು ಮೊದಲ ಕಥೆ ಓದಿದೆ. ಕಣ್ಣು ಮುಚ್ಚಿಕೊಂಡು ಕೇಳಿದಳು. ಕುರಿಗಳನ್ನು ಬೈಯುವಲ್ಲಿ ಮಗುವಿನಂತೆ ನಕ್ಕಳು. ಓದಿ ಮುಗಿಸಿದಾಗ ಸಂಜೆಯ ಬಿಸಿಲು ಜಗುಲಿ ಇಳಿದು ಬೀದಿಗೆ ಹೋಗಿತ್ತು.

‘ಚೆನ್ನಾಗ್ ಬರ್ದವ್ಳೆ ಕಣಮ್ಮಿ’ ಎಂದಳು. ‘ಯಾರ ಪೈಕಿ?’

‘ನಮ್ಮ ಪೈಕಿನೇ ದೊಡ್ಡಮ್ಮ’ ಎಂದೆ.

‘ಹೌದಾ?’ ಎಂದು ಬೆರಗಾಗಿ ನನ್ನನ್ನು ನೋಡಿದಳು. ಅವಳ ಮುಖದಲ್ಲಿ ಅಷ್ಟು ಸಂತೋಷವನ್ನು ನಾನು ಕಂಡಿರಲಿಲ್ಲ.